ಪ್ರೋನೋಟಿನ ಸಾಲ ವಸೂಲಿ: ಸಮ್ಮರಿ ದಾವೆಯೋ, ಮಾಮೂಲಿ ದಾವೆಯೋ?

ಪ್ರೋನೋಟು (ಸಾಲ ತೀರಿಸುತ್ತೇನೆ ಎಂದು ಬರೆದು ಸಹಿ ಹಾಕಿದ ಪತ್ರ) ಇದೆ, ದುಡ್ಡು ಬಂದಿಲ್ಲ, ಯಾವ ದಾವೆ ಹಾಕಲಿ ಎಂದು ಕೇಳಿದ್ದೀರಿ. ಎರಡಕ್ಕೂ 3 ವರ್ಷದ ಕಾಲಮಿತಿ ಇದೆ, ಮೊದಲು ಅದನ್ನು ನೋಡಿಕೊಳ್ಳಿ.

ವೇಗದ ಲೆಕ್ಕದಲ್ಲಿ, ಸಿಪಿಸಿಯ (ಸಿವಿಲ್ ಪ್ರಕ್ರಿಯಾ ಸಂಹಿತೆ) 37ನೇ ಆದೇಶದ ಸಮ್ಮರಿ ದಾವೆ, ಅಂದರೆ ಕೋರ್ಟಿನ ಅನುಮತಿ ಇಲ್ಲದೆ ಪ್ರತಿವಾದಿ ವಾದ ಮಾಡಲಾಗದ ಚುಟುಕು ದಾವೆ, ಮುಂದಿದೆ. ಸಮನ್ಸ್ ಮುಟ್ಟಿದ 10 ದಿನದಲ್ಲಿ ಪ್ರತಿವಾದಿ ಹಾಜರಿ ಹಾಕಬೇಕು. ಆಮೇಲೆ ತೀರ್ಪಿನ ಸಮನ್ಸ್ (ತೀರ್ಪು ಕೋರಿ ನೀವು ಕಳಿಸುವುದು) ಬಂದ 10 ದಿನದಲ್ಲಿ, ವಾದ ಮಾಡಲು ಅನುಮತಿ ಕೊಡಿ ಎಂದು ಅಫಿಡವಿಟ್ ಸಮೇತ ಕೇಳಬೇಕು. ಅವನು ಸುಮ್ನೆ ಕೂತರೆ ಡಿಕ್ರಿ (ಕೋರ್ಟಿನ ತೀರ್ಮಾನದ ಆದೇಶ) ನಿಮ್ಮದು. ಮಾಮೂಲಿ ದಾವೆಯಲ್ಲಿ ಪ್ರತಿವಾದಿಯ ಲಿಖಿತ ಹೇಳಿಕೆಗೇ 30 ದಿನ, ಅದು 90ರವರೆಗೂ ಎಳೆಯುತ್ತದೆ.

ಆದರೆ ಕಾಗದದ ವೇಗ ಬೇರೆ, ಕೋರ್ಟಿನ ವೇಗ ಬೇರೆ, ಅಲ್ವಾ? ಸಮನ್ಸ್ ಜಾರಿಯಾಗದೆ ತಿಂಗಳು ಕಳೆಯಬಹುದು. ತಕ್ಕ ಕಾರಣ ತೋರಿಸಿದರೆ ತಡವನ್ನು ಕೋರ್ಟು ಮನ್ನಿಸಲೂಬಹುದು. ಅನುಮತಿ ಅರ್ಜಿಯ ಮೇಲಿನ ವಾದವೇ ಒಂದು ಪುಟ್ಟ ದಾವೆಯಾಗಿಬಿಡುತ್ತದೆ. ಷರತ್ತಿಲ್ಲದೆ ಅನುಮತಿ ಸಿಕ್ಕಿತೋ, ಮುಂದೆ ಮಾಮೂಲಿ ದಾವೆಯದ್ದೇ ದಾರಿ. ಪ್ರತಿವಾದಿಯ ವಾದ ಅನುಮಾನ ಹುಟ್ಟಿಸಿದರೆ ಮಾತ್ರ, ಹಣ ಠೇವಣಿ ಇಡು ಎಂಬ ಷರತ್ತು ಬರಬಹುದು. ನನ್ನ ಪ್ರಕಾರ ಸಮ್ಮರಿ ದಾರಿಯ ನಿಜವಾದ ಬಲ ಅಲ್ಲೇ ಇದೆ. ಸಾಲದ ಒಂದು ಭಾಗವನ್ನು ಅವನೇ ಒಪ್ಪಿಕೊಂಡಿದ್ದರೆ, ಅಷ್ಟನ್ನು ಕಟ್ಟದೆ ಅನುಮತಿಯೇ ಇಲ್ಲ.

ಸಹಿ ಸ್ಪಷ್ಟ, ಮೊತ್ತ ಖಚಿತ ಎಂದಾದರೆ ಸಮ್ಮರಿ ಹಾಕಿ. ಬಾಯಿಮಾತಿನ ಸಾಲ, ನಷ್ಟಪರಿಹಾರದ ಬೇಡಿಕೆ ಇದ್ದರೆ ಮಾಮೂಲಿಯೇ ಸರಿ. ಬೌನ್ಸ್ ಆದ ಚೆಕ್ಕೂ ಇದ್ದರೆ, ಬ್ಯಾಂಕಿನ ಮೆಮೊ ಬಂದ 30 ದಿನದೊಳಗೆ 138ರ (ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ ಚೆಕ್ ಬೌನ್ಸ್ ಕಲಂ) ನೋಟಿಸು ಕಳಿಸಿಬಿಡಿ. ದಾವೆಯ ಜೊತೆಗೇ ಅದೂ ನಡೆಯಬಹುದು.