ಬರ್ಲಿನ್ನಿನ ಫೇರ್‌ಟೈಲರ್ ಕಪಾಟು: ಎಂಟು ತಿಂಗಳ ಬಳಕೆಯ ನಂತರ

ಅಂಗಡಿಗಳಲ್ಲಿ ಮಾರಾಟವಾಗದೆ ಕಸಕ್ಕೆ ಹೋಗಲಿದ್ದ ಆಹಾರವನ್ನು ಸ್ವಯಂಸೇವಕರು ತಂದಿರಿಸುವ, ಯಾರು ಬೇಕಾದರೂ ದುಡ್ಡು ಕೊಡದೆ ಒಯ್ಯಬಹುದಾದ ಕಪಾಟಿಗೆ ಜರ್ಮನಿಯಲ್ಲಿ ಫೇರ್‌ಟೈಲರ್ ಎಂದು ಹೆಸರು. ಇದರ ಹಿಂದಿರುವುದು 2012ರಲ್ಲಿ ಆರಂಭವಾದ ಫುಡ್‌ಶೇರಿಂಗ್ ಸಂಘಟನೆ. ಎಂಟು ತಿಂಗಳಿಂದ ನಾವಿಬ್ಬರೂ ಅಕ್ಕಿ, ಬೇಳೆ, ಎಣ್ಣೆ, ಸಾರಿನಪುಡಿಗಳನ್ನು ಮಾತ್ರ ಕೊಂಡು, ಉಳಿದದ್ದನ್ನು ಬಹುಮಟ್ಟಿಗೆ ನಮ್ಮ ಬಡಾವಣೆಯ ಕಪಾಟಿನಿಂದಲೇ ತರುತ್ತಿದ್ದೇವೆ.

ಮೊದಲ ದಿನ ಕೈ ಹಿಂಜರಿಯಿತು. ಬೇರೆಯವರು ಬೇಡವೆಂದದ್ದು ಎಂಜಲಿಗೆ ಸಮ ಎಂಬ ಭಾವನೆ ನಮ್ಮಲ್ಲಿ ಆಳವಾಗಿದೆ. ಆದರೆ ಅಲ್ಲಿದ್ದುದು ಯಾರೂ ಮುಟ್ಟದ ಬ್ರೆಡ್ಡು, ಎಲೆ ಬಾಡಿದ ನವಿಲುಕೋಸು, ಸೀಲು ಒಡೆಯದ, ದಿನಾಂಕ ಮೀರಿದ ಮೊಸರು. ಪೊಟ್ಟಣಗಳ ಮೇಲಿನ ದಿನಾಂಕದಲ್ಲಿ ಎರಡು ಬಗೆಯಿದೆ: ಅಷ್ಟು ದಿನ ರುಚಿ, ಗುಣ ಕುಂದದೆಂದು ತಯಾರಕರು ಕೊಡುವ ಭರವಸೆ ಒಂದು, ಆ ದಿನದ ನಂತರ ತಿನ್ನಲೇಬಾರದೆಂಬ ಎಚ್ಚರಿಕೆ ಇನ್ನೊಂದು. ಮೊಸರಿನ ಮೇಲಿದ್ದುದು ಮೊದಲನೆಯದು. ನಾಲ್ಕು ದಿನ ಮೀರಿದ್ದ ಅದು ಕೆಟ್ಟಿರಲಿಲ್ಲ, ಹುಳಿ ಏರಿತ್ತಷ್ಟೆ. ನವಿಲುಕೋಸಿನ ಮಜ್ಜಿಗೆಹುಳಿಗೆ ಬೇಕಾದದ್ದೂ ಅದೇ.

ಎರಡನೆಯ ಬಗೆಯ ದಿನಾಂಕವಿರುವ ಖೀಮಾ, ಹಸಿ ಮೀನುಗಳನ್ನು ಕಪಾಟಿನಲ್ಲಿ ಇಡುವಂತಿಲ್ಲ. ಆಹಾರ ಸಂಗ್ರಹಿಸುವವರು ಮೊದಲು ಒಂದು ಪ್ರಶ್ನಾವಳಿಯಲ್ಲಿ ತೇರ್ಗಡೆಯಾಗಿ, ಅನುಭವಿಗಳ ಜೊತೆ ಹೋಗಿ ಕೆಲಸ ಕಲಿಯಬೇಕು. ಬಡವರ ಪಾಲನ್ನು ಕಸಿಯುತ್ತಿದ್ದೇವೆಯೇ ಎಂಬ ಅಳುಕು ನನಗಿತ್ತು. ಬಡವರಿಗೆ ಆಹಾರ ಒದಗಿಸುವ ಟಾಫೆಲ್ ಸಂಸ್ಥೆಗಳಿಗೇ ಮೊದಲ ಆದ್ಯತೆ ಎಂದು ತಿಳಿದ ಮೇಲೆ ಅದು ಕಳೆಯಿತು.

ಇದೇ ಮೊಸರನ್ನು ಸೂಪರ್‌ಮಾರ್ಕೆಟ್ಟಿನ ಬೀಗ ಹಾಕಿದ ಕಸದ ತೊಟ್ಟಿಯಿಂದ ತೆಗೆದಿದ್ದರೆ ಅದು ಕಳ್ಳತನವಾಗುತ್ತಿತ್ತು. ಹಾಗೆ ಆಹಾರ ತೆಗೆದ ಬವೇರಿಯಾದ ಇಬ್ಬರು ವಿದ್ಯಾರ್ಥಿನಿಯರ ಮೇಲಿನ ತೀರ್ಪನ್ನು 2020ರಲ್ಲಿ ಜರ್ಮನಿಯ ಸಂವಿಧಾನ ನ್ಯಾಯಾಲಯವೂ ಎತ್ತಿಹಿಡಿಯಿತು. ವರ್ಷಕ್ಕೆ ಸುಮಾರು 1.1 ಕೋಟಿ ಟನ್ ಆಹಾರ ವ್ಯರ್ಥವಾಗುವ ದೇಶದಲ್ಲಿ ಈ ಕಾನೂನು ನನಗೆ ಒಪ್ಪಿಗೆಯಾಗುವುದಿಲ್ಲ. ಅಂಗಡಿಯವರ ಸಮ್ಮತಿಯಿಂದಲೇ ತುಂಬುವ ಈ ಕಪಾಟಿನ ಬೆಲೆ ಅಲ್ಲಿ ತಿಳಿಯುತ್ತದೆ.

ಕೊರತೆಗಳಿವೆ. ಇಂಥದ್ದೇ ಸಿಗುತ್ತದೆಂಬ ಖಾತರಿಯಿಲ್ಲ. ವಾರಗಟ್ಟಲೆ ಬ್ರೆಡ್ಡಷ್ಟೇ ಸಿಕ್ಕು, ದಿನವೂ ಬ್ರೆಡ್ ಉಪ್ಪಿಟ್ಟು ಮಾಡಿದ್ದುಂಟು. ಒಮ್ಮೆ ಯಾರೋ ದಿನಾಂಕ ಬರೆಯದೆ ಇಟ್ಟುಹೋದ ಪಾಸ್ತಾ ಹಳಸಿ, ಇಡೀ ಫ್ರಿಜ್ ತೊಳೆಯಬೇಕಾಯಿತು. ಆಹಾರ ಒಯ್ಯುವವರೇ ಕಪಾಟು ಒರೆಸಿಡುವ ರೂಢಿಯಿರುವುದರಿಂದ, ಹೋಗುವಾಗ ಚೀಲದ ಜೊತೆ ಒಂದು ಒರೆಸುಬಟ್ಟೆಯನ್ನೂ ಒಯ್ಯಿರಿ. ಸಿಪ್ಪೆ ಕಪ್ಪಾದ ಬಾಳೆಹಣ್ಣು ಕಂಡರೆ ಬಿಡಬೇಡಿ. ಬನ್ಸಿಗೆ ಅಷ್ಟು ಕಳಿತದ್ದೇ ಒಳ್ಳೆಯದು.