ತೋಪಿನಲ್ಲಿ ಆರತಕ್ಷತೆ: 500 ವ್ಯಾಟ್‌ಗೆ ಯಾವ ದೀಪ ಒಳ್ಳೇದು?

ಆರತಕ್ಷತೆ ಛತ್ರದಲ್ಲಿ ಬೇಡ, ನಮ್ಮ ತೋಪಿನಲ್ಲೇ ಆಗಲಿ ಅಂತ ಹಟ ಹಿಡಿದವಳು ಮದುಮಗಳೇ, ನನ್ನ ಅಕ್ಕನ ಮಗಳು. ಶ್ರೀನಿವಾಸಪುರದ ಕಡೆ ಮಾವಿನ ತೋಪಿಗೇನು ಬರ? ಜಾಗ ಇತ್ತು, ಕರೆಂಟ್ ಇರಲಿಲ್ಲ. ತೋಟದ ಮನೆಯ ಮೀಟರಿಗೆ 2 ಕಿಲೋವ್ಯಾಟ್ ಅಷ್ಟೇ. ಮೈಕ್ ಸೆಟ್, ಎರಡು ದೊಡ್ಡ ಫ್ಯಾನು, ಅಡುಗೆಯವರ ಮಿಕ್ಸಿ ಕಳೆದರೆ ದೀಪಕ್ಕೆ ಉಳಿಯುವುದು 500 ವ್ಯಾಟ್. "ಬೋರ್‌ವೆಲ್ ಲೈನಿಂದ ಎಳ್ಕೊಳ್ಳೋಣ ಬಿಡೋ" ಅಂದರು ಭಾವ. ಅದು ಪಾಳಿಯಲ್ಲಿ ಬರುವ ಕರೆಂಟು ಭಾವ, ಮೇಲಾಗಿ ಕಳ್ಳತನ, ಬೇಡ ಅಂದೆ. 1902ರಲ್ಲೇ ಶಿವನಸಮುದ್ರದ ಕರೆಂಟು ಕೋಲಾರದ ಚಿನ್ನದ ಗಣಿಗೆ ಬಂದಿತ್ತು, ಬೆಂಗಳೂರಿಗಿಂತ ಮೂರು ವರ್ಷ ಮೊದಲು. ಅದೇ ಜಿಲ್ಲೆಯಲ್ಲಿ ನಾವು ಬಲ್ಬು ಎಣಿಸುತ್ತಾ ಕೂತಿದ್ದೆವು!

ಮದುವೆಗೆ ಒಂದು ವಾರ ಇತ್ತು. ಸಂಜೆಗೊಂದು ಬಗೆ ಕಟ್ಟಿ ನೋಡೋಣ ಅಂತ ಹೊರಟೆ. ಮದುಮಗಳ ಜಾಗದಲ್ಲಿ ಅಕ್ಕನನ್ನೇ ಕೂರಿಸಿದೆ, ಕೆಂಪು ರೇಷ್ಮೆ ಸೀರೆ ಉಡಿಸಿ, ಪ್ಲಾಸ್ಟಿಕ್ ಕುರ್ಚಿ ಮೇಲೆ.

ಮೊದಲು ಶಾಮಿಯಾನದವರು ಕೊಟ್ಟ ಹ್ಯಾಲೋಜನ್, 500 ವ್ಯಾಟಿನದು ಒಂದು. ಒಂದೇ ದೀಪಕ್ಕೆ ನಮ್ಮ ಲೆಕ್ಕ ಪೂರ್ತಿ ಮುಗಿಯಿತು. ಸೀರೆಯ ಬಣ್ಣ ಮಾತ್ರ ಅದ್ಭುತ, ಅದನ್ನು ಒಪ್ಪಲೇಬೇಕು. ಆದರೆ ಐದು ನಿಮಿಷಕ್ಕೆ ಅಕ್ಕ ಸೆರಗಿನಿಂದ ಕತ್ತು ಒರೆಸಿಕೊಂಡಳು. "ಇದೇನೋ, ಒಲೆ ಮುಂದೆ ಕೂತಂಗಿದೆ." ಇನ್ನೊಂದು ತೊಂದರೆ ವೋಲ್ಟೇಜ್. ಸಂಜೆ ಏಳಕ್ಕೆ ನಮ್ಮ ಮೀಟರಲ್ಲೇ 200ರ ಆಸುಪಾಸು ಇರುತ್ತೆ. ವೋಲ್ಟೇಜ್ ಒಂಚೂರು ಇಳಿದರೂ ಹ್ಯಾಲೋಜನ್ ಅದಕ್ಕಿಂತ ಜಾಸ್ತಿ ಮಂಕಾಗುತ್ತೆ. ಹಾಗಾಗಿ ಅದನ್ನು ಕೈಬಿಟ್ಟೆ.

ಎರಡನೇ ಸಂಜೆ ಬಿಳಿ ಎಲ್‌ಇಡಿ ಫ್ಲಡ್‌ಲೈಟ್, 50 ವ್ಯಾಟಿನವು ನಾಲ್ಕು. 100 ವ್ಯಾಟ್ ಎಲ್‌ಇಡಿ ಹೆಚ್ಚೂಕಡಿಮೆ ಆ 500ರ ಹ್ಯಾಲೋಜನ್ನಿನಷ್ಟೇ ಬೆಳಕು ಕೊಡುತ್ತೆ, ಹಾಗಾಗಿ ಇದು ಎರಡು ಹ್ಯಾಲೋಜನ್ನಿಗೆ ಸಮ. ಬೆಳಕಿಗೆ ಬರವಿಲ್ಲ. ಆದರೆ ಕೆಂಪು ಸೀರೆ ಇಟ್ಟಿಗೆ ಬಣ್ಣಕ್ಕೆ ತಿರುಗಿತು, ಅಕ್ಕನ ಮುಖ ಬೂದಿ ಬಳಿದಂತೆ ಕಂಡಿತು. ಅಗ್ಗದ ಎಲ್‌ಇಡಿಯಲ್ಲಿ ಕೆಂಪಿನ ಪಾಲು ಕಡಿಮೆ, ಅದಕ್ಕೇ ಹೀಗೆ. ಇನ್ನೊಂದು ವಿಷಯ: ಸ್ಟೇಜ್ ಅಷ್ಟು ಉರಿಯುತ್ತಿದ್ದರೆ ಕಣ್ಣು ಅದಕ್ಕೇ ಒಗ್ಗಿಬಿಡುತ್ತೆ, ಊಟದ ಸಾಲು ಗವಿಯಂತೆ ಕಾಣುತ್ತೆ. ಅಲ್ಲಿದ್ದ ಬೆಳಕು ನಿನ್ನೆಯಷ್ಟೇ ಇತ್ತು, ಆದರೂ ಕಾಲು ಎಡವಿತು. ಹುಳಗಳಂತೂ ಬಿಳಿ ಬೆಳಕಿಗೆ ಮುತ್ತಿಕೊಂಡವು.

ಬೇಜಾರಲ್ಲಿ ಎರಡು ದೀಪ ಆರಿಸಿದೆ. ಉಳಿದೆರಡನ್ನು ಸುಮ್ನೆ ತಿರುಗಿಸಿ, ಶಾಮಿಯಾನದ ಬಿಳಿ ಬಟ್ಟೆ ಕಡೆ ಮುಖ ಮಾಡಿಟ್ಟೆ. ಬೆಳಕು ಬಟ್ಟೆಗೆ ಬಡಿದು ಮೆತ್ತಗೆ ಕೆಳಗಿಳಿಯಿತು. ಗದ್ದದ ಕೆಳಗಿನ ಕಪ್ಪು ನೆರಳು ಹೋಯಿತು, ಅಕ್ಕ ಕಣ್ಣು ಕಿರಿದು ಮಾಡೋದನ್ನು ಬಿಟ್ಟಳು. ಮಾರನೇ ದಿನ ಪೇಟೆಗೆ ಹೋಗಿ ಆ ಎರಡನ್ನೂ ವಾರ್ಮ್ ವೈಟ್‌ಗೆ, ಅಂದರೆ ಹಳದಿ ಛಾಯೆಯ ಬಿಳಿಗೆ, ಬದಲಾಯಿಸಿಕೊಂಡು ಬಂದೆ. ಸೀರೆ ಪೂರ್ತಿ ಅಲ್ಲದಿದ್ದರೂ ಮುಕ್ಕಾಲು ಪಾಲು ಕೆಂಪಾಯಿತು.

ಮೂರನೆಯದು ಮಾಲೆ ಬಲ್ಬು. ಪುಟಾಣಿ ಸೀರಿಯಲ್ ಸೆಟ್ ಅಲ್ಲ, ಅದು ಅಲಂಕಾರಕ್ಕೆ ಸರಿ, ಎಲೆಯಲ್ಲಿ ಪಲ್ಯ ಯಾವುದು ಚಟ್ನಿ ಯಾವುದು ಅಂತ ಅದರಲ್ಲಿ ಗೊತ್ತಾಗಲ್ಲ. ನಾನು ಕಟ್ಟಿಸಿದ್ದು ವೈರಿಗೆ ಹೋಲ್ಡರ್ ಹಾಕಿ, 5 ವ್ಯಾಟಿನ ಹಳದಿ ಎಲ್‌ಇಡಿ ಬಲ್ಬು 40. ಒಟ್ಟು 200 ವ್ಯಾಟ್. ಒಂದೂವರೆ ಮೀಟರಿಗೊಂದರಂತೆ, ಕೈಗೆಟುಕದಷ್ಟು ಎತ್ತರದಲ್ಲಿ, ಕೊಂಬೆಯಿಂದ ಕೊಂಬೆಗೆ. ಮಾವಿನೆಲೆಯ ಅಡಿಭಾಗ ಬೆಳಗಿ ಚಪ್ಪರವೇ ಬೇಡ ಅನ್ನಿಸಿತು. ಹುಳ ಬಂದವು, ಆದರೆ ಬಿಳಿ ದೀಪಕ್ಕೆ ಬಂದಷ್ಟಲ್ಲ. ತಕರಾರು ಒಂದೇ, ಕೆಲಸ ಜಾಸ್ತಿ. 40 ಹೋಲ್ಡರ್ ಕಟ್ಟಲು ಇಬ್ಬರಿಗೆ ಒಂದಿಡೀ ದಿನ ಹಿಡಿಯಿತು. ಜಾಯಿಂಟ್‌ಗಳನ್ನು ಟೇಪು ಸುತ್ತಿ ಕೈಗೆಟುಕದಷ್ಟು ಮೇಲೆ ಕಟ್ಟಿ. 30 ಮಿಲಿಆಂಪಿನ ಆರ್‌ಸಿಸಿಬಿ, ಅಂದರೆ ಕರೆಂಟ್ ಸೋರಿದ ತಕ್ಷಣ ಲೈನ್ ಕಡಿಯುವ ಸ್ವಿಚ್, ಇಲ್ಲದೆ ಮಾತ್ರ ಮರಕ್ಕೆ ವೈರ್ ಹತ್ತಿಸಬೇಡಿ.

ಪೆಟ್ರೋಮ್ಯಾಕ್ಸ್ ಅಂದರು ಚಿಕ್ಕಪ್ಪ. ಸೀಮೆಎಣ್ಣೆ ಎಲ್ಲಿ ತರೋದು? ಸೋಲಾರ್ ಗಾರ್ಡನ್ ದೀಪ ದಾರಿ ತೋರಿಸೋಕೆ ಸಾಕು, ಕೈ ತೊಳೆಯೋ ಜಾಗಕ್ಕೂ ಸಾಲದು.

ಇನ್ನು ಕರೆಂಟ್ ಹೋದರೆ? ಇಲ್ಲಿ ಜನರೇಟರಿಗೂ ಇನ್ವರ್ಟರಿಗೂ ಪೈಪೋಟಿ. ಬಾಡಿಗೆಗೆ ತಂದ ಸಣ್ಣ ಪೆಟ್ರೋಲ್ ಜನರೇಟರ್ ಎಲ್ಲವನ್ನೂ ಹೊರುತ್ತೆ, ನಿಜ. ಆದರೆ ಸ್ಟೇಜಿನ ಪಕ್ಕ ಇಟ್ಟರೆ ನಾದಸ್ವರದ ಜೊತೆ ಅದರದೂ ಕಚೇರಿ. ದೂರ ಇಟ್ಟರೆ ವೈರ್ ಉದ್ದ. ಹೊಗೆ ವಿಷ, ಅಡುಗೆ ಮನೆ ಬಾಗಿಲಲ್ಲಿ ಇಡೋ ಹಾಗಿಲ್ಲ. ಪರೀಕ್ಷೆ ದಿನ ಅರ್ಧಕ್ಕೇ ಪೆಟ್ರೋಲ್ ಮುಗಿಯಿತು. ಬಿಸಿ ಇಂಜಿನ್ನಿಗೆ ಸುರಿಯುವಂತಿಲ್ಲ, ಆರುವ ತನಕ ಕತ್ತಲಲ್ಲಿ ನಿಂತೆವು. ಮನೆಯ ಇನ್ವರ್ಟರ್ 12 ವೋಲ್ಟ್, 150 ಆಂಪಿಯರ್-ಅವರ್ ಬ್ಯಾಟರಿಯದು. ಲೆಕ್ಕಕ್ಕೆ 1,800 ವ್ಯಾಟ್-ಅವರ್, ಕೈಗೆ ಸಿಗೋದು ಅದಕ್ಕಿಂತ ಎಷ್ಟೋ ಕಡಿಮೆ. ಮಾಲೆಯ 200, ಫ್ಲಡ್‌ಲೈಟಿನ 100 ಸೇರಿಸಿ ಹಚ್ಚಿಟ್ಟೆ. ಮೂರು ಗಂಟೆ ನಡೆದು ಕೀಂ ಅಂತು. ಸದ್ದಿಲ್ಲ, ಹೊಗೆಯಿಲ್ಲ. ಮೈಕ್, ಫ್ಯಾನು ಹೊರಲ್ಲ, ಅಷ್ಟೇ. ನಾನು ಇದನ್ನೇ ಆರಿಸಿದೆ. ಸಾವಿರ ಜನ ಬರುವ ಮದುವೆಯಾಗಿದ್ದರೆ ಜನರೇಟರೇ ತರಿಸುತ್ತಿದ್ದೆ.

ಆ ದಿನ ನಾಲ್ಕಕ್ಕೆ ಮಳೆ ಬಂತು. ಸಂಜೆ ರೆಕ್ಕೆ ಗೆದ್ದಲು ಎದ್ದವು. ತೆಗೆದಿಟ್ಟಿದ್ದ ಒಂದು ಬಿಳಿ ಫ್ಲಡ್‌ಲೈಟನ್ನು ದೂರದ ಬೇಲಿ ಹತ್ತಿರ ಹಚ್ಚಿಟ್ಟೆ, ಬಹುಪಾಲು ಅತ್ತ ಹೋದವು. ಎಂಟು ಗಂಟೆ ಸುಮಾರಿಗೆ ಮೈಕ್ ಗಪ್ಪಾಯಿತು. ದೀಪ ಒಮ್ಮೆ ರೆಪ್ಪೆ ಹೊಡೆದು ಹಾಗೇ ಉಳಿಯಿತು. ಸಾಲಿನಲ್ಲಿ ಕೂತಿದ್ದ ಹಿರಿಯರೊಬ್ಬರು "ಮೈಕ್ ನಿಲ್ಲಿಸಿದ್ದು ಒಳ್ಳೇದಾಯ್ತು ಬಿಡಪ್ಪ" ಅಂತ ಇನ್ನೊಂದು ಹೋಳಿಗೆ ಹಾಕಿಸಿಕೊಂಡರು.

ಮಾಲೆ ಇನ್ನೂ ಬಿಚ್ಚಿಲ್ಲ. ಭಾವ ಬಿಡುತ್ತಿಲ್ಲ, ರಾತ್ರಿ ಅದರಡಿಯಲ್ಲೇ ಮಾವಿನಕಾಯಿ ಆರಿಸಿ ಕ್ರೇಟಿಗೆ ತುಂಬಿಸುತ್ತಿದ್ದಾರೆ.