‘ಮಂಥನ್’ 4ಕೆ ಪ್ರತಿ: ಸ್ಮಿತಾ ಪಾಟೀಲರನ್ನು ಇಲ್ಲಿಂದಲೇ ನೋಡತೊಡಗಿ

ಸ್ಮಿತಾ ಪಾಟೀಲರ ನಟನೆಯನ್ನು ಈಗಷ್ಟೇ ನೋಡಲು ಹೊರಟವರು 2024ರಲ್ಲಿ 4ಕೆ (ಅತಿ ಹೆಚ್ಚು ಸ್ಪಷ್ಟತೆಯ ಡಿಜಿಟಲ್ ರೂಪ) ಆಗಿ ಪುನಶ್ಚೇತನಗೊಂಡ ‘ಮಂಥನ್’ (1976) ಪ್ರತಿಯನ್ನೇ ಹುಡುಕಿಕೊಳ್ಳಿ. ಮಾಸಿದ ಹಳೆಯ ಪ್ರತಿಗಳಲ್ಲಿ ಕಥೆಗೇನೂ ಮೋಸವಿಲ್ಲ, ಸ್ಮಿತಾ ವಹಿಸಿದ ಹಳ್ಳಿಯ ಹೆಣ್ಣು ಬಿಂದುವಿನ ಮುಖ ಮಾತ್ರ ಕಾಣುವುದಿಲ್ಲ.

ಆ ಕಾಲದ ಕಲರ್ ಫಿಲ್ಮಿನ ಬಣ್ಣಗಳು ಒಂದೇ ಸಮನೆ ಮಾಸುವುದಿಲ್ಲ. ಸಾಮಾನ್ಯವಾಗಿ ನೀಲಿ-ಹಸಿರು ಪದರ ಮೊದಲು ಸೊರಗಿ, ಇಡೀ ಚಿತ್ರ ಕೆಂಪಗಾಗುತ್ತದೆ. ಅಂಥ ಪ್ರಿಂಟನ್ನು ವಿಡಿಯೋಗೆ ಇಳಿಸಿದರೆ ನೆರಳೆಲ್ಲ ಕಪ್ಪು ಮುದ್ದೆ. ಸ್ಮಿತಾ ಅವರ ಶ್ಯಾಮಲ ಬಣ್ಣಕ್ಕೆ, ಗುಡಿಸಲೊಳಗಿನ ಮಂದ ಬೆಳಕಿಗೆ ಬೀಳುವ ಪೆಟ್ಟು ಇದೇ. ಬಿಂದು ಮಾತಿನಲ್ಲಿ ಬಲು ಖಾರ. ಆದರೆ ಹಾಲಿನ ಸಹಕಾರ ಸಂಘ ಕಟ್ಟಲು ಹಳ್ಳಿಗೆ ಬರುವ ಪಶುವೈದ್ಯ ಡಾ. ರಾವ್ (ಗಿರೀಶ ಕಾರ್ನಾಡ) ಮೇಲೆ ಅವಳಿಗೆ ಹುಟ್ಟುವ ನಂಬಿಕೆಯನ್ನು ಮಾತು ಹೇಳುವುದಿಲ್ಲ, ನೋಟವೇ ಹೇಳಬೇಕು. ಅದೇ ರಾವ್ ವಿರುದ್ಧದ ಸುಳ್ಳು ದೂರಿಗೆ ಅವಳ ಹೆಬ್ಬೆಟ್ಟು ಬೀಳುವುದು ಎಷ್ಟು ಘೋರವೆಂಬುದು ಆ ನೋಟ ಕಂಡವರಿಗಷ್ಟೇ ತಟ್ಟುತ್ತದೆ.

ಫಿಲ್ಮ್ ಹೆರಿಟೇಜ್ ಫೌಂಡೇಶನ್ ಈ ಕೆಲಸಕ್ಕೆ ಬಳಸಿದ್ದು ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿದ್ದ 35 ಎಂಎಂ ಮೂಲ ನೆಗೆಟಿವ್. ನಿರ್ದೇಶಕ ಶ್ಯಾಮ್ ಬೆನಗಲ್, ಛಾಯಾಗ್ರಾಹಕ ಗೋವಿಂದ ನಿಹಲಾನಿ ಇಬ್ಬರೂ ಜೊತೆಗಿದ್ದರು. ಹಾಗಾಗಿ ಬಣ್ಣ ಯಾರದೋ ಊಹೆಯದಲ್ಲ. ಧ್ವನಿಯನ್ನು ಮಾತ್ರ ಬಿಡುಗಡೆಯ ಪ್ರಿಂಟಿನಿಂದ ತೆಗೆದುಕೊಂಡಿದ್ದಾರೆ. ಹಳೆಯ ಆಪ್ಟಿಕಲ್ ಟ್ರ್ಯಾಕಿನಲ್ಲಿ (ಫಿಲ್ಮಿನ ಅಂಚಿನಲ್ಲಿ ಮೂಡಿಸಿದ ಧ್ವನಿಪಟ್ಟಿ) ತೀಕ್ಷ್ಣ, ಎತ್ತರದ ಸ್ವರಗಳ ಸೂಕ್ಷ್ಮಗಳು ಅಷ್ಟಾಗಿ ಉಳಿದಿರುವುದಿಲ್ಲ, ಇಂದಿನ ಚಿತ್ರಗಳ ನಿಚ್ಚಳತೆ ನಿರೀಕ್ಷಿಸಬೇಡಿ. ಭಾಷೆ ಗುಜರಾತಿ ಸೊಗಡಿನ ಹಿಂದಿ, ಸಬ್‌ಟೈಟಲ್ ಇದ್ದರೆ ಅನುಕೂಲ. (ತಲಾ ಎರಡು ರೂಪಾಯಿಯಂತೆ ಐದು ಲಕ್ಷ ರೈತರು ಹಾಕಿದ ದುಡ್ಡಿನ ಚಿತ್ರ ಇದು. ಪುನಶ್ಚೇತನಗೊಂಡ ಪ್ರತಿ ಫ್ರಾನ್ಸಿನ ಕಾನ್ ಚಿತ್ರೋತ್ಸವದ ತೆರೆಗೂ ಹೋಗಿಬಂತು.)

ಚಿತ್ರಮಂದಿರದಲ್ಲಿ ಪ್ರದರ್ಶನವಿದ್ದರೆ ತಪ್ಪಿಸಿಕೊಳ್ಳಬೇಡಿ. ಮನೆಯ ಟಿವಿಯಾದರೆ ಸಿನಿಮಾ ಮೋಡ್ ಹಾಕಿ, ಮೋಷನ್ ಸ್ಮೂಥಿಂಗ್ (ಚಲನೆಯನ್ನು ಕೃತಕವಾಗಿ ನಯಗೊಳಿಸುವ ಸೌಲಭ್ಯ) ಆಫ್ ಮಾಡಿ, ಶಾರ್ಪ್‌ನೆಸ್ ತಗ್ಗಿಸಿ. ಕಾಣುವ ಸಣ್ಣ ಕಾಳುಕಾಳು ಫಿಲ್ಮಿನ ಗ್ರೇನ್, ದೋಷವಲ್ಲ. ನಾಯ್ಸ್ ರಿಡಕ್ಷನ್ ಹಾಕಿ ಅದನ್ನು ಅಳಿಸಹೊರಟರೆ ಮುಖಗಳು ಮೇಣದಂತಾಗುತ್ತವೆ.

ಆಮೇಲೆ ‘ಭೂಮಿಕಾ’ (1977). ನಟಿಯೊಬ್ಬಳ ಬದುಕನ್ನೇ ಹೇಳುವ ಈ ಚಿತ್ರ ಸ್ಮಿತಾ ಅವರಿಗೆ ಮೊದಲ ರಾಷ್ಟ್ರಪ್ರಶಸ್ತಿ ತಂದಿತು. ನಡುನಡುವೆ ಕಪ್ಪು-ಬಿಳುಪು ಬಂದರೆ ಪ್ರತಿ ಕೆಟ್ಟಿದೆ ಎಂದುಕೊಳ್ಳಬೇಡಿ, ಕಾಲ ಬದಲಾಗುವುದನ್ನು ತೋರಿಸಲು ಬೇಕೆಂದೇ ಹಾಗೆ ತೆಗೆದದ್ದು. ಎರಡನೆಯ ರಾಷ್ಟ್ರಪ್ರಶಸ್ತಿ ‘ಚಕ್ರ’ಕ್ಕೆ. ಕನ್ನಡದಲ್ಲಿ ಟಿ.ಎಸ್. ನಾಗಾಭರಣರ ‘ಅನ್ವೇಷಣೆ’ (1983) ಇದೆ. ಅದಕ್ಕೂ ಇಂಥದ್ದೊಂದು 4ಕೆ ಭಾಗ್ಯ ಬರಬೇಕು.

‘ಮಿರ್ಚ್ ಮಸಾಲಾ’ವನ್ನು ಕೊನೆಗಿಟ್ಟುಕೊಳ್ಳಿ. 1986ರ ಡಿಸೆಂಬರ್ 13ರಂದು, 31ನೇ ವಯಸ್ಸಿಗೆ ಸ್ಮಿತಾ ತೀರಿಕೊಂಡ ಮೇಲೆ ತೆರೆಕಂಡ ಚಿತ್ರವದು. ‘ಮಂಥನ್’ ನೋಡಿದ ಕಣ್ಣಿಗೆ ಹತ್ತು ವರ್ಷದಲ್ಲಿ ಅವರ ನಟನೆ ಎಷ್ಟು ದೂರ ಬಂದಿತ್ತೆಂಬುದು ಅಲ್ಲಿ ತಾನಾಗಿ ಕಾಣುತ್ತದೆ.